ಫೋನ್ ಕಿತ್ತುಕೊಂಡರೆ ಸರಿಹೋಗುತ್ತಾ? ಸಕಲೇಶಪುರದ ತಾಯಿಯೊಬ್ಬರ ಪ್ರಶ್ನೆಗೆ ಮನೋವೈದ್ಯರ ಉತ್ತರ

ಪ್ರಶ್ನೆ: ನಮ್ಮದು ಸಕಲೇಶಪುರ ತಾಲೂಕು. ಯಜಮಾನರು ಕಾಫಿ ಎಸ್ಟೇಟಿನಲ್ಲಿ ರೈಟರ್, ಆಳುಗಳ ಹಾಜರಿ, ಲೆಕ್ಕ ನೋಡುವ ಕೆಲಸ. ಮಗಳು ಒಂಬತ್ತನೇ ತರಗತಿ, ಮಗ ಐದನೇ ತರಗತಿ. ಕೊರೊನಾ ಕಾಲದಲ್ಲಿ ಆನ್‌ಲೈನ್ ಪಾಠಕ್ಕೆಂದು ತಂದ ಫೋನು ಈಗ ಮಗಳ ಕೈ ಬಿಡುವುದೇ ಇಲ್ಲ. ರಾತ್ರಿ ಹನ್ನೆರಡು, ಒಂದು ಗಂಟೆಯವರೆಗೂ ಇನ್‌ಸ್ಟಾಗ್ರಾಮ್. ಸೆಲ್ಫಿ ತೆಗೆಯುತ್ತಾಳೆ, ಅಳಿಸುತ್ತಾಳೆ, ತಾನು ಕಪ್ಪು ಅಂತ ಅಳುತ್ತಾಳೆ. ಹೋದ ತಿಂಗಳು ಅವರಪ್ಪ ಸಿಟ್ಟು ಬಂದು ಫೋನ್ ಕಿತ್ತು ಬೀರುವಿನಲ್ಲಿಟ್ಟು ಬೀಗ ಹಾಕಿದರು. ಎರಡು ದಿನ ಊಟ ಬಿಟ್ಟಳು. ಹೆದರಿ ವಾಪಸ್ ಕೊಟ್ಟೆವು. ಅವತ್ತಿನಿಂದ ನಾನು ಹತ್ತಿರ ಹೋದರೆ ಸ್ಕ್ರೀನ್ ತಿರುಗಿಸಿಕೊಳ್ಳುತ್ತಾಳೆ. ಚಿಕ್ಕವನಿಗೋ ರೀಲ್ಸ್ ಇಲ್ಲದೆ ತುತ್ತು ಇಳಿಯುವುದಿಲ್ಲ. ಫೋನ್ ಪೂರ್ತಿ ಬಿಡಿಸಿಬಿಡಬೇಕಾ? ಆಸ್ಟ್ರೇಲಿಯಾದಲ್ಲಿ ಮಕ್ಕಳಿಗೆ ಇದನ್ನೆಲ್ಲ ನಿಷೇಧ ಮಾಡಿದ್ದಾರಂತೆ, ನಮ್ಮಲ್ಲೂ ಬರುವವರೆಗೆ ಕಾಯಬೇಕಾ?

ಉತ್ತರ: ಪೂರ್ತಿ ಬಿಡಿಸುವುದು ಬೇಡ. ಆದರೆ ರಾತ್ರಿಯ ಫೋನು ಇವತ್ತಿನಿಂದಲೇ ನಿಲ್ಲಬೇಕು, ಅದರಲ್ಲಿ ರಾಜಿ ಮಾಡಿಕೊಳ್ಳಬೇಡಿ. ಇನ್ನು ನಿಮ್ಮ ಪತ್ರದಲ್ಲಿ ನನಗೆ ಹೆಚ್ಚು ಕಳವಳ ತಂದದ್ದು ಮಗಳು ಸ್ಕ್ರೀನ್ ತಿರುಗಿಸಿಕೊಳ್ಳುತ್ತಾಳೆ ಎಂದು ಬರೆದಿರಲ್ಲ, ಆ ಸಾಲು. ಬೀರುವಿನ ಪ್ರಸಂಗ ಆದಮೇಲೆ ಅದು ಶುರುವಾಯಿತು ಎಂದು ನೀವೇ ಹೇಳಿದ್ದೀರಿ. ಹಾಸನದಲ್ಲಿ ಮಕ್ಕಳನ್ನೂ ಹದಿಹರೆಯದವರನ್ನೂ ನೋಡುವ ವೈದ್ಯೆಯಾಗಿ ಹೇಳುತ್ತೇನೆ: ಸೋಷಿಯಲ್ ಮೀಡಿಯಾದಿಂದ ಆಗುವ ಹಾನಿಯಲ್ಲಿ ಬಹುಪಾಲನ್ನು ಸರಿಪಡಿಸಬಹುದು, ಮಗು ಬಂದು ಹೇಳಿಕೊಂಡರೆ. ಮನೆಯವರಿಗೆ ಹೆದರಿ ಮುಚ್ಚಿಟ್ಟುಕೊಂಡಾಗಲೇ ಕೈಮೀರುವುದು. ಮುಂದೆ ಬರೆಯುವುದನ್ನೆಲ್ಲ ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಓದಿ. ಸಾಧ್ಯವಾದರೆ ನಿಮ್ಮ ಯಜಮಾನರಿಗೂ ಓದಿ ಹೇಳಿ.

ಮೊದಲು ರಾತ್ರಿಯ ವಿಷಯ. 13ರಿಂದ 18 ವರ್ಷದ ಮಕ್ಕಳಿಗೆ ದಿನಕ್ಕೆ 8ರಿಂದ 10 ಗಂಟೆ ನಿದ್ದೆ ಬೇಕು. ನಿದ್ದೆಗೆ ದೇಹವನ್ನು ಅಣಿಮಾಡುವ ಮೆಲಟೋನಿನ್ ಎಂಬ ಹಾರ್ಮೋನು ಈ ವಯಸ್ಸಿನಲ್ಲಿ ಒಂದೆರಡು ಗಂಟೆ ತಡವಾಗಿ ಏರುತ್ತದೆ. ಹಾಗಾಗಿ ಹತ್ತು ಗಂಟೆಗೆ ‘ನಿದ್ದೆನೇ ಬರ್ತಿಲ್ಲ ಅಮ್ಮ’ ಎಂದು ಮಗಳು ಅಂದರೆ ಅವಳು ಸುಳ್ಳು ಹೇಳುತ್ತಿಲ್ಲ. ಅದರ ಮೇಲೆ ಮುಖಕ್ಕೆ ಹಿಡಿದ ಬೆಳಕು, ಗಳಿಗೆಗೊಂದು ಮೆಸೇಜು, ಗೆಳತಿಯರ ಗ್ರೂಪಿನಲ್ಲಿ ಏನು ನಡೆಯುತ್ತಿದೆಯೋ ಎಂಬ ತವಕ ಸೇರಿದರೆ ನಿದ್ದೆ ಇನ್ನೂ ದೂರ ಹೋಗುತ್ತದೆ. ನಿಮ್ಮ ಕಡೆಯ ಮಕ್ಕಳು ಎಸ್ಟೇಟಿನಿಂದ ರಸ್ತೆಯವರೆಗೆ ನಡೆದು ಬಸ್ ಹಿಡಿಯಬೇಕು, ಆರಕ್ಕೆ ಏಳಲೇಬೇಕು. ಒಂದಕ್ಕೆ ಮಲಗಿದವಳಿಗೆ ಸಿಕ್ಕಿದ್ದು 5 ಗಂಟೆ. ವಾರಗಟ್ಟಲೆ ಹೀಗೆ ನಡೆದರೆ ಯಾವ ಮಗುವಾದರೂ ಸಿಡುಕುತ್ತದೆ, ಸಣ್ಣದಕ್ಕೆಲ್ಲ ಅಳುತ್ತದೆ, ಓದಿದ್ದು ತಲೆಯಲ್ಲಿ ನಿಲ್ಲುವುದಿಲ್ಲ. ‘ಡಿಪ್ರೆಷನ್ ಇರಬಹುದಾ ಡಾಕ್ಟ್ರೇ’ ಎಂದು ಪೋಷಕರು ಕರೆತರುವ ಮಕ್ಕಳಲ್ಲಿ ನಾನು ಮೊದಲು ವಿಚಾರಿಸುವುದೂ ಮೊದಲು ಸರಿಮಾಡಲು ನೋಡುವುದೂ ನಿದ್ದೆಯನ್ನೇ.

ಒಂಬತ್ತೂವರೆಯ ಹೊತ್ತಿಗೆ ಮನೆಯ ಎಲ್ಲ ಫೋನುಗಳೂ ಹಜಾರದಲ್ಲಿ ಚಾರ್ಜಿಗೆ ಬೀಳಲಿ. ಎಲ್ಲ ಅಂದರೆ ನಿಮ್ಮದೂ ಸೇರಿ. ನಿಮ್ಮ ಸೀಮೆಯಲ್ಲಿ ಒಂದು ತೊಡಕಿದೆ ಎಂದು ಬಲ್ಲೆ. ಆನೆ ಯಾವ ತೋಟದಲ್ಲಿ ನಿಂತಿದೆ, ಯಾವ ರಸ್ತೆ ದಾಟಿತು ಎಂಬುದು ಗೊತ್ತಾಗುವುದು ವಾಟ್ಸ್ಆ್ಯಪ್ ಗ್ರೂಪಿನಲ್ಲೇ. ಬೆಳಗಿನ ಜಾವ ಕೆಲಸಕ್ಕೆ ಹೊರಡುವ ರೈಟರ್ ಆ ಫೋನನ್ನು ದೂರ ಇಡಲಾಗದು. ಅವರದು ಅವರ ಹತ್ತಿರ ಇರಲಿ, ಯಾಕೆ ಎಂದು ಮಗಳಿಗೆ ಬಿಡಿಸಿ ಹೇಳಿ, ಆದರೆ ಅವರೂ ಹಾಸಿಗೆಯಲ್ಲಿ ರೀಲ್ಸ್ ನೋಡಬಾರದು. ಬೆಳಗ್ಗೆ ಅಲಾರಂಗೆ ಫೋನ್ ಬೇಕು ಅನ್ನುತ್ತಾಳೆ. ಒಂದು ಅಲಾರಂ ಗಡಿಯಾರ ತಂದುಕೊಡಿ. ಮೊದಲ ವಾರ ಗಲಾಟೆ ಆಗುತ್ತದೆ, ಆಗಲಿ. ಅವಳು ಬೈದಳೆಂದು ನಿಯಮ ಸಡಿಲಿಸಬೇಡಿ. ಬೈದಳೆಂದು ಹಗಲಿನ ಫೋನನ್ನೂ ಕಿತ್ತುಕೊಳ್ಳಬೇಡಿ.

‘ಹೇಳಿದರೂ ಬಿಡಲ್ಲ, ಸೋಮಾರಿ ಆಗಿಬಿಟ್ಟಿದ್ದಾಳೆ’ ಎಂಬ ಮಾತನ್ನು ಪೋಷಕರಿಂದ ತುಂಬಾ ಕೇಳುತ್ತೇನೆ. ಆ ಮಾತು ನ್ಯಾಯವಲ್ಲ. ಎಷ್ಟು ಜಾರಿಸಿದರೂ ಮುಗಿಯದ ಪುಟವನ್ನು 2006ರಲ್ಲಿ ರೂಪಿಸಿದರು. ಫೇಸ್‌ಬುಕ್ಕಿನ ಲೈಕ್ ಗುಂಡಿ 2009ರಲ್ಲಿ ಬಂತು. ಪುಸ್ತಕಕ್ಕೆ ಕೊನೆಯ ಪುಟ ಇದೆ, ಧಾರಾವಾಹಿಗೂ ‘ಮುಂದುವರಿಯುವುದು’ ಎಂಬ ತಡೆ ಇದೆ. ಇಲ್ಲಿ ನಿಲ್ಲಿಸಿ ಏಳುವ ಜಾಗವನ್ನೇ ಬೇಕೆಂದೇ ತೆಗೆದುಹಾಕಿದ್ದಾರೆ. ಮುಂದಿನ ವಿಡಿಯೊ ಚೆನ್ನಾಗಿರುತ್ತದೋ ಇಲ್ಲವೋ, ಹಾಕಿದ ಫೋಟೊಗೆ ಲೈಕ್ ಬರುತ್ತದೋ ಇಲ್ಲವೋ ಮೊದಲೇ ತಿಳಿಯದು. ಹಳ್ಳದ ದಡದಲ್ಲಿ ಗಾಳ ಹಾಕಿ ಕೂತ ಹುಡುಗನನ್ನು ಗಮನಿಸಿ: ಎಳೆದಾಗಲೆಲ್ಲ ಮೀನು ಸಿಗುವಂತಿದ್ದರೆ ಬೇಗ ಬೇಸರವಾಗಿ ಎದ್ದುಬಿಡುತ್ತಿದ್ದ, ಆಗೊಂದು ಈಗೊಂದು ಸಿಗುವುದರಿಂದಲೇ ಸಂಜೆಯಾದರೂ ಏಳುವುದಿಲ್ಲ. ಮಿದುಳಿನ ಆಸೆಯ ಭಾಗ ಹದಿಹರೆಯದಲ್ಲಿ ತುಂಬಾ ಚುರುಕಾಗಿರುತ್ತದೆ. ‘ಸಾಕು, ಏಳು’ ಎಂದು ತಡೆಯುವ ಹಣೆಯ ಹಿಂದಿನ ಭಾಗವೋ, ಪೂರ್ತಿ ಬಲಿಯುವುದು 25ರ ಆಸುಪಾಸಿನಲ್ಲಿ. ಹದಿನಾಲ್ಕು ವರ್ಷದ ಹುಡುಗಿಯನ್ನು ಇಂಥದ್ದರ ಮುಂದೆ ಒಬ್ಬಳನ್ನೇ ಬಿಟ್ಟು ಮನಸ್ಸು ಗಟ್ಟಿ ಮಾಡಿಕೋ ಎಂದರೆ ಏನು ಪ್ರಯೋಜನ? ಅವಳ ಕಡೆಗೆ ನಾವು ನಿಲ್ಲಬೇಕು.

ಈಗ ಅವಳ ಅಳುವಿನ ವಿಷಯಕ್ಕೆ ಬರುತ್ತೇನೆ. ನಿಮ್ಮ ಮಗಳಷ್ಟೇ ವಯಸ್ಸಿನ ಹುಡುಗಿಯೊಬ್ಬಳು ನನ್ನ ಕೋಣೆಯಲ್ಲಿ ಕೂತು ತನ್ನ ಫೋನಿನ ಗ್ಯಾಲರಿ ತೋರಿಸಿದ್ದಳು. ಒಂದೇ ಕಿಟಕಿ, ಒಂದೇ ಬೆಳಕು, ಗಲ್ಲವನ್ನು ಒಂದೇ ಓರೆಗೆ ಇಳಿಸಿ ತೆಗೆದ ಸಾಲು ಸಾಲು ಫೋಟೊ. ಎಲ್ಲದರಲ್ಲೂ ಮೂಗು ಸ್ವಲ್ಪ ಸಣ್ಣ, ಕಣ್ಣು ಸ್ವಲ್ಪ ದೊಡ್ಡದು, ಚರ್ಮ ಎರಡು ಛಾಯೆ ತಿಳಿ. ಫಿಲ್ಟರ್ ಇಲ್ಲದ ಒಂದು ಫೋಟೊ ತೋರಿಸು ಎಂದೆ. ಹಿಂದಕ್ಕೆ ಜಾರಿಸುತ್ತಾ ಜಾರಿಸುತ್ತಾ ಹೋದಳು, ಸಿಗಲಿಲ್ಲ. ಕೊನೆಗೆ ಅವರಮ್ಮನ ಫೋನಿನಲ್ಲಿ, ಯಾರದೋ ಗೃಹಪ್ರವೇಶದಲ್ಲಿ ತೆಗೆದದ್ದೊಂದು ಸಿಕ್ಕಿತು. ನೋಡಿದ ಕೂಡಲೇ ಮುಖ ತಿರುಗಿಸಿದಳು. ದಿನವೂ ತಿದ್ದಿದ ಮುಖವನ್ನೇ ನೋಡಿ ರೂಢಿಯಾದ ಕಣ್ಣಿಗೆ ತನ್ನದೇ ನಿಜವಾದ ಮುಖ ಪರಕೀಯವಾಗಿ ಕಾಣತೊಡಗುತ್ತದೆ.

ಕಂಪನಿಗಳಿಗೆ ಇದು ತಿಳಿಯದ ಸಂಗತಿಯೇನಲ್ಲ. ಫೇಸ್‌ಬುಕ್ಕಿನಲ್ಲಿ ಕೆಲಸ ಮಾಡುತ್ತಿದ್ದ ಫ್ರಾನ್ಸಿಸ್ ಹೌಗನ್ 2021ರಲ್ಲಿ ಹೊರಗೆ ತಂದ ಆಂತರಿಕ ದಾಖಲೆಗಳಲ್ಲಿ, ತಮ್ಮ ದೇಹದ ಬಗ್ಗೆ ಬೇಸರವಿದ್ದ ಹದಿಹರೆಯದ ಹುಡುಗಿಯರಲ್ಲಿ ಶೇ 32ರಷ್ಟು ಮಂದಿ ‘ಇನ್‌ಸ್ಟಾಗ್ರಾಮ್ ಆ ಬೇಸರವನ್ನು ಹೆಚ್ಚಿಸಿತು’ ಎಂದಿದ್ದುದು ಕಂಪನಿಯದೇ ಸಂಶೋಧನೆಯಾಗಿ ದಾಖಲಾಗಿತ್ತು. ಆದರೆ ತಾಯಿ, ಒಂದು ಮಾತನ್ನು ಹೇಳಲೇಬೇಕು. ಕಪ್ಪು ಬಣ್ಣ ಕೀಳು ಎಂಬುದನ್ನು ಮಕ್ಕಳಿಗೆ ಮೊದಲು ಕಲಿಸಿದ್ದು ನಾವು. ಮದುವೆ ಮನೆಯಲ್ಲಿ ‘ಏನೇ ಇಷ್ಟು ಕಪ್ಪಾಗಿಬಿಟ್ಟಿದೀಯ’ ಅನ್ನುವ ಅತ್ತೆ, ಅಕ್ಕನನ್ನೂ ತಂಗಿಯನ್ನೂ ಪಕ್ಕ ನಿಲ್ಲಿಸಿ ಬಣ್ಣ ಹೋಲಿಸುವ ದೊಡ್ಡಮ್ಮ, ಬಿಸಿಲಿಗೆ ಹೋಗಬೇಡ ಎಂದು ಹುಡುಗಿಗೆ ಮಾತ್ರ ಹೇಳುವ ನಾವು. ಮನೆ ಬಿತ್ತಿದ್ದನ್ನು ಫೋನು ಬೆಳೆಸುತ್ತದೆ. ಅವಳ ಮುಂದೆ ಯಾರ ಬಣ್ಣದ ಬಗ್ಗೆಯೂ, ತೂಕದ ಬಗ್ಗೆಯೂ ಮಾತಾಡುವುದನ್ನು ಇವತ್ತೇ ನಿಲ್ಲಿಸಿ. ಬೇರೆಯವರು ಆಡಿದರೆ ಅವಳ ಎದುರಿಗೇ ತಡೆಯಿರಿ. ಅಮ್ಮ ತನ್ನ ಪರವಾಗಿ ಮಾತಾಡಿದ್ದನ್ನು ಮಗು ಮರೆಯುವುದಿಲ್ಲ.

ಹಾಗಾದರೆ ಸೋಷಿಯಲ್ ಮೀಡಿಯಾ ಎಲ್ಲ ಮಕ್ಕಳಿಗೂ ವಿಷವೇ ಎಂದರೆ, ಹಾಗೆನ್ನಲು ನನಗೆ ಮನಸ್ಸಾಗದು. ನಮ್ಮ ಪಕ್ಕದ ಮಂಡ್ಯ ಜಿಲ್ಲೆಯ ಹಲ್ಲೆಗೆರೆ ಮೂಲದ ಡಾ. ವಿವೇಕ್ ಮೂರ್ತಿ ಅಮೆರಿಕದ ಸರ್ಜನ್ ಜನರಲ್, ಅಂದರೆ ಜನಾರೋಗ್ಯದ ಬಗ್ಗೆ ದೇಶಕ್ಕೆ ಸಲಹೆ ಕೊಡುವ ಸರ್ಕಾರಿ ವೈದ್ಯರು ಆಗಿದ್ದಾಗ, 2023ರ ಮೇ ತಿಂಗಳಲ್ಲಿ ಈ ಬಗ್ಗೆ ದೇಶಕ್ಕೇ ಎಚ್ಚರಿಕೆ ಹೊರಡಿಸಿದರು: ದಿನಕ್ಕೆ 3 ಗಂಟೆಗಿಂತ ಹೆಚ್ಚು ಹೊತ್ತು ಇದರಲ್ಲಿರುವ ಹದಿಹರೆಯದವರಲ್ಲಿ ಖಿನ್ನತೆ, ಆತಂಕದ ಲಕ್ಷಣಗಳ ಅಪಾಯ ಎರಡರಷ್ಟು. ಆದರೆ ಹೆಚ್ಚು ನೋಡಿದ್ದರಿಂದ ಖಿನ್ನತೆ ಬಂತೋ, ಮೊದಲೇ ಮಂಕಾಗಿದ್ದ ಮಗು ಫೋನಿನಲ್ಲಿ ಆಸರೆ ಹುಡುಕಿತೋ ಎಂಬುದನ್ನು ಈ ಲೆಕ್ಕವೊಂದೇ ಹೇಳದು. 2019ರಲ್ಲಿ ಸಂಶೋಧಕರಾದ ಏಮಿ ಆರ್ಬೆನ್ ಮತ್ತು ಆ್ಯಂಡ್ರ್ಯೂ ಪ್ರಿಬಿಲ್ಸ್ಕಿ ದೊಡ್ಡ ಸಮೀಕ್ಷೆಗಳನ್ನು ಜಾಲಾಡಿದಾಗ, ಮಕ್ಕಳ ನೆಮ್ಮದಿಯಲ್ಲಿನ ಏರುಪೇರಿನಲ್ಲಿ ಡಿಜಿಟಲ್ ಬಳಕೆಯಿಂದ ವಿವರಿಸಬಹುದಾದ ಪಾಲು ಹೆಚ್ಚೆಂದರೆ ಶೇ 0.4 ಎಂದು ಕಂಡಿತ್ತು. ಆ ಸರಾಸರಿಯನ್ನು ಹಿಡಿದು ಸುಮ್ಮನೆ ಕೂರುವಂತೆಯೂ ಇಲ್ಲ. ಆರ್ಬೆನ್ ತಂಡವೇ 2022ರಲ್ಲಿ ಬ್ರಿಟನ್ನಿನ ಮಕ್ಕಳನ್ನು ವಯಸ್ಸಿನ ಪ್ರಕಾರ ಬಿಡಿಸಿ ನೋಡಿದಾಗ, ಹುಡುಗಿಯರಿಗೆ 11ರಿಂದ 13, ಹುಡುಗರಿಗೆ 14–15, ಮತ್ತೆ ಇಬ್ಬರಿಗೂ 19ರ ಹೊತ್ತಿಗೆ ಇದರ ಪೆಟ್ಟು ಹೆಚ್ಚು ತಾಗುತ್ತದೆ ಎಂದು ಗೊತ್ತಾಯಿತು. ಒಂದೇ ಮನೆಯ ಇಬ್ಬರು ಮಕ್ಕಳಿಗೂ ಒಂದೇ ಅಳತೆ ಹೊಂದುವುದಿಲ್ಲ. ಗಂಟೆ ಎಣಿಸುವುದಕ್ಕಿಂತ, ಫೋನ್ ಕೆಳಗಿಟ್ಟ ಮೇಲೆ ಅವಳು ಹೇಗಿರುತ್ತಾಳೆ ನೋಡಿ. ಹಗುರಾಗಿದ್ದಾಳೋ, ಮುದುಡಿದ್ದಾಳೋ? ನಿದ್ದೆ, ಊಟ, ಆಟ, ಓದು, ಗೆಳತಿಯರು, ಇವುಗಳಲ್ಲಿ ಯಾವುದನ್ನು ಅದು ನುಂಗಿದೆ?

ಇನ್ನು ಆ ತಿರುಗಿಸಿದ ಸ್ಕ್ರೀನ್. ಬಹಳ ಸಲ ಅದರ ಹಿಂದೆ ಇರುವುದು ಗೆಳತಿಯರ ಹರಟೆ, ಯಾರ ಮೇಲೋ ಹುಟ್ಟಿದ ಎಳೆಯ ಇಷ್ಟ, ಅಷ್ಟೆ. ಹದಿನಾಲ್ಕರಲ್ಲಿ ಸ್ವಲ್ಪ ಗುಟ್ಟು ಸಹಜ, ಇರಲಿ ಬಿಡಿ. ಆದರೆ ಕೆಲವು ಸಲ ಬೇರೆಯದೇ ಇರುತ್ತದೆ, ಅದು ಹೇಗೆ ನಡೆಯುತ್ತದೆಂದು ನಿಮಗೆ ಗೊತ್ತಿರಬೇಕು. ಅವಳದೇ ವಯಸ್ಸಿನ ಹುಡುಗಿಯ ಹೆಸರಿನಲ್ಲೋ, ಚೆಂದದ ಹುಡುಗನ ಹೆಸರಿನಲ್ಲೋ ಒಂದು ರಿಕ್ವೆಸ್ಟ್ ಬರುತ್ತದೆ. ಕೆಲವು ದಿನ ಸಿಹಿ ಮಾತು, ಮನೆಯಲ್ಲಿ ಬೈದದ್ದಕ್ಕೆ ಸಮಾಧಾನ. ಆಮೇಲೆ ಒಂದು ಫೋಟೊ ಕಳಿಸು ಎಂಬ ಕೋರಿಕೆ. ಕಳಿಸಿದ ಗಳಿಗೆಯಲ್ಲೇ ದನಿ ಬದಲಾಗುತ್ತದೆ: ಇನ್ನೊಂದು ಕಳಿಸು, ದುಡ್ಡು ಹಾಕು, ಇಲ್ಲದಿದ್ದರೆ ನಿನ್ನ ಫಾಲೋವರ್ಸ್‌ಗೆಲ್ಲ ಕಳಿಸುತ್ತೇನೆ. ಈಗಂತೂ ಫೋಟೊ ಕಳಿಸಲೇಬೇಕೆಂದಿಲ್ಲ, ಸ್ಕೂಲ್ ಡೇಯಲ್ಲಿ ತೆಗೆದ ಮುಖವನ್ನೇ ಎಐ ಬಳಸಿ ಬೆತ್ತಲೆ ಚಿತ್ರಕ್ಕೆ ಅಂಟಿಸಿ ಬೆದರಿಸುತ್ತಾರೆ. ಹುಡುಗರೂ ಇದಕ್ಕೆ ಸಿಕ್ಕಿಬೀಳುತ್ತಾರೆ. ಅವರು ಹೇಳಿಕೊಳ್ಳುವುದು ಇನ್ನೂ ಕಡಿಮೆ.

ಬೆದರಿಸುವವನ ಕೈಯಲ್ಲಿರುವ ದೊಡ್ಡ ಅಸ್ತ್ರ ಒಂದೇ: ‘ನಿಮ್ಮಪ್ಪಂಗೆ ಗೊತ್ತಾದ್ರೆ ಏನಾಗುತ್ತೆ ಗೊತ್ತಲ್ಲ?’ ಗೊತ್ತಾದರೆ ಫೋನ್ ಹೋಗುತ್ತದೆ, ಏಟು ಬೀಳುತ್ತದೆ, ಸ್ಕೂಲು ಬಿಡಿಸಿಬಿಡಬಹುದು ಎಂದು ಮಗು ನಂಬಿದ್ದರೆ ಅವನು ಗೆದ್ದ ಹಾಗೆ. ಅಪ್ಪನಿಗೆ ತಾನೇ ಹೋಗಿ ಹೇಳುವ ಧೈರ್ಯ ಇರುವ ಮಗುವನ್ನು ಅವನು ಏನೂ ಮಾಡಲಾರ. ಬೀರುವಿಗೆ ಬೀಗ ಹಾಕಿದ್ದು ಬೇಡವಾಗಿತ್ತು ಎಂದು ನಾನು ಹೇಳುವುದು ಇದಕ್ಕೇ. ನಿಮ್ಮ ಯಜಮಾನರ ಸಿಟ್ಟಿನ ಹಿಂದೆ ಭಯವಿತ್ತು, ಅದು ನನಗೆ ಅರ್ಥವಾಗುತ್ತದೆ. ಮಗಳಿಗೆ ಮಾತ್ರ ಕಂಡದ್ದು ಸಿಟ್ಟು.

ಆದ್ದರಿಂದ ಮೊದಲ ಮಾತುಕತೆ ಹೀಗೆ ಶುರುಮಾಡಿ. ಎದುರು ಕೂರಿಸಿಕೊಂಡು ವಿಚಾರಣೆ ಬೇಡ. ಸೊಪ್ಪು ಬಿಡಿಸುವಾಗಲೋ, ಬಸ್ ಸ್ಟಾಪಿಗೆ ಜೊತೆಯಲ್ಲಿ ನಡೆಯುವಾಗಲೋ ಹೇಳಿ: ‘ಅವತ್ತು ಅಪ್ಪ ಫೋನ್ ಕಿತ್ಕೊಂಡಿದ್ದು ಹೆದ್ರಿಕೊಂಡು ಕಣೇ. ಇನ್ಮೇಲೆ ಹಾಗೆ ಮಾಡಲ್ಲ. ಫೋನಲ್ಲಿ ಏನೇ ಆಗ್ಲಿ, ತಪ್ಪು ನಿಂದೇ ಇದ್ರೂ ನನ್ಹತ್ರ ಹೇಳು. ಹೇಳಿದ್ದಕ್ಕೆ ಬೈಯಲ್ಲ, ಫೋನ್ ಕಿತ್ಕೊಳ್ಳಲ್ಲ.’ ಅವಳು ತಕ್ಷಣ ಏನೂ ಹೇಳದೆ ಇರಬಹುದು. ಒಂದು ಸಣ್ಣ ವಿಷಯ ಹೇಳಿ ನಿಮ್ಮ ಮುಖ ಹೇಗಾಗುತ್ತದೆಂದು ನೋಡುತ್ತಾಳೆ. ಆ ಸಣ್ಣ ವಿಷಯಕ್ಕೆ ಕೂಗಾಡಿದಿರೋ, ದೊಡ್ಡದು ನಿಮ್ಮ ಕಿವಿಗೆ ಬೀಳುವುದೇ ಇಲ್ಲ. ಇದನ್ನು ಹೇಳುವ ಮೊದಲು ಗಂಡ ಹೆಂಡತಿ ಇಬ್ಬರೂ ಮಾತಾಡಿ ಒಪ್ಪಿಕೊಳ್ಳಿ. ಕೊಟ್ಟ ಮಾತನ್ನು ಒಮ್ಮೆ ಮುರಿದರೂ ಮತ್ತೆ ನಂಬಿಸುವುದು ಕಷ್ಟ.

ಅಂಥ ಬೆದರಿಕೆ ನಿಜವಾಗಿಯೂ ಬಂದಿದ್ದರೆ, ದುಡ್ಡು ಕೊಡಬೇಡಿ. ಕೊಟ್ಟವರನ್ನು ಮತ್ತೆ ಮತ್ತೆ ಕೇಳುತ್ತಾರೆ. ಗಾಬರಿಯಲ್ಲಿ ಚಾಟ್ ಅಳಿಸಬೇಡಿ. ಆ ಅಕೌಂಟಿನ ಹೆಸರು, ಬೆದರಿಕೆಯ ಮೆಸೇಜು, ಯುಪಿಐ ನಂಬರ್ ಎಲ್ಲದರ ಸ್ಕ್ರೀನ್‌ಶಾಟ್ ತೆಗೆದಿಟ್ಟು ಆಮೇಲೆ ಬ್ಲಾಕ್ ಮಾಡಿ. ದುಡ್ಡು ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ದೂರನ್ನು ಕೇಂದ್ರದ ಸೈಬರ್ ಅಪರಾಧ ಪೋರ್ಟಲಿನಲ್ಲಿ ದಾಖಲಿಸಬಹುದು, ಜಿಲ್ಲಾ ಕೇಂದ್ರದಲ್ಲಿ ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧಗಳನ್ನು ನೋಡುವ ಸೆನ್ ಪೊಲೀಸ್ ಠಾಣೆಗೂ ಕೊಡಬಹುದು. ಮಕ್ಕಳ ಸಹಾಯವಾಣಿ 1098. ಪೊಲೀಸು ಎಂದರೆ ಊರೆಲ್ಲ ಗೊತ್ತಾಗುತ್ತದೆ ಎಂದು ಹಿಂಜರಿಯುವವರು ಬಹಳ. 2012ರ ಪೋಕ್ಸೊ ಕಾಯ್ದೆಯ ಪ್ರಕಾರ ಮಗುವಿನ ಹೇಳಿಕೆಯನ್ನು ಮನೆಯಲ್ಲೇ ಪಡೆಯಬಹುದು, ಸಾಧ್ಯವಾದಷ್ಟೂ ಮಹಿಳಾ ಅಧಿಕಾರಿಯೇ ಬರಬೇಕು, ಸಮವಸ್ತ್ರದಲ್ಲಿ ಬರುವಂತಿಲ್ಲ. ಮಗುವಿನ ಗುರುತನ್ನು ಮಾಧ್ಯಮದವರು ಬಯಲು ಮಾಡುವಂತಿಲ್ಲ. ಮಕ್ಕಳ ಅಶ್ಲೀಲ ಚಿತ್ರ ತಯಾರಿಸುವುದು, ಹಂಚುವುದು ಐಟಿ ಕಾಯ್ದೆಯ 67ಬಿ ಕಲಮಿನ ಪ್ರಕಾರ ಅಪರಾಧ, ಮೊದಲ ಸಲಕ್ಕೇ 5 ವರ್ಷದವರೆಗೆ ಜೈಲು. ಚಿತ್ರ ಹರಡದಂತೆ ತಡೆಯಲು ‘ಟೇಕ್ ಇಟ್ ಡೌನ್’ ಎಂಬ ಉಚಿತ ಸೇವೆ ಇದೆ, 18 ತುಂಬುವ ಮೊದಲು ತೆಗೆದ ಚಿತ್ರಗಳಿಗಾಗಿಯೇ ಮಾಡಿದ್ದು. ಚಿತ್ರವನ್ನು ಯಾರಿಗೂ ಕಳಿಸಬೇಕಾಗಿಲ್ಲ. ನಿಮ್ಮ ಫೋನಿನಲ್ಲೇ ಅದಕ್ಕೊಂದು ಸಂಕೇತ ತಯಾರಾಗಿ, ಆ ಸಂಕೇತವಷ್ಟೇ ಹೋಗುತ್ತದೆ. ಇನ್‌ಸ್ಟಾಗ್ರಾಮ್, ಫೇಸ್‌ಬುಕ್, ಸ್ನ್ಯಾಪ್‌ಚಾಟ್ ಅದನ್ನು ಹಿಡಿದು ಚಿತ್ರವನ್ನು ತೆಗೆಯುತ್ತವೆ.

ಆಸ್ಟ್ರೇಲಿಯಾದ ವಿಷಯ ನಿಜ. 2024ರ ನವೆಂಬರಿನಲ್ಲಿ ಕಾನೂನು ಮಾಡಿದರು, 2025ರ ಡಿಸೆಂಬರ್ 10ರಿಂದ ಜಾರಿಗೆ ಬಂತು. 16 ತುಂಬದವರಿಗೆ ಖಾತೆ ಇಲ್ಲ, ತಪ್ಪಿದರೆ ದಂಡ ಕಂಪನಿಗೆ, ಮಕ್ಕಳಿಗೂ ಪೋಷಕರಿಗೂ ಅಲ್ಲ. ಹೊಣೆಯನ್ನು ಕಂಪನಿಯ ಮೇಲೆ ಹೊರಿಸಿದ್ದು ನನಗೆ ಸರಿಯೆನಿಸುತ್ತದೆ. ನಮ್ಮಲ್ಲಿ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ, 18ರೊಳಗಿನವರ ಮಾಹಿತಿ ಬಳಸಲು ಪೋಷಕರ ಒಪ್ಪಿಗೆ ಬೇಕು, ಮಕ್ಕಳನ್ನು ಗುರಿಯಾಗಿಸಿ ಜಾಹೀರಾತು ಕೂಡದು ಎನ್ನುತ್ತದೆ; ಅದರ ನಿಯಮಗಳು 2025ರ ನವೆಂಬರಿನಲ್ಲಿ ಪ್ರಕಟವಾದವು, ಹಂತ ಹಂತವಾಗಿ ಜಾರಿಯಾಗಬೇಕು. ಆದರೆ ಕಾನೂನಿಗಾಗಿ ಕಾಯುತ್ತಾ ಕೂರಬೇಡಿ. 2020ರ ಜೂನ್ 29ರಂದು ಟಿಕ್‌ಟಾಕ್ ನಿಷೇಧವಾಯಿತು, ಜುಲೈನಲ್ಲೇ ಭಾರತಕ್ಕೆ ರೀಲ್ಸ್ ಬಂತು, ಮಕ್ಕಳು ಅಲ್ಲಿಂದ ಇಲ್ಲಿಗೆ ಬಂದರು. ಓದಿಗೆಂದು ತಂದ ಫೋನು ಹೀಗಾಗಿರುವುದು ನಿಮ್ಮ ಮನೆಯಲ್ಲಿ ಮಾತ್ರವಲ್ಲ: ಗ್ರಾಮೀಣ ಭಾರತದ ಮಕ್ಕಳ ಕಲಿಕೆಯನ್ನು ಅಳೆಯುವ ಅಸರ್ 2024 ಸಮೀಕ್ಷೆಯಲ್ಲಿ ಸ್ಮಾರ್ಟ್‌ಫೋನ್ ಬಳಸಬಲ್ಲ 14–16ರ ಮಕ್ಕಳಲ್ಲಿ ಹಿಂದಿನ ವಾರ ಓದಿಗೆ ಬಳಸಿದವರು ಶೇ 57, ಸೋಷಿಯಲ್ ಮೀಡಿಯಾಕ್ಕೆ ಬಳಸಿದವರು ಶೇ 76.

ಕಾನೂನು ಬರುವ ಮುಂಚೆಯೇ ನೀವು ಮಾಡಬಹುದಾದ್ದು ಒಂದಿದೆ. ಇನ್‌ಸ್ಟಾಗ್ರಾಮ್ 2025ರ ಫೆಬ್ರುವರಿಯಿಂದ ಭಾರತದಲ್ಲೂ ಹದಿಹರೆಯದವರ ಖಾತೆ ಎಂಬ ವ್ಯವಸ್ಥೆ ತಂದಿದೆ. ಖಾತೆ ತಾನಾಗಿ ಪ್ರೈವೇಟ್ ಆಗಿರುತ್ತದೆ, ಪರಿಚಯವಿಲ್ಲದವರು ಮೆಸೇಜ್ ಕಳಿಸಲಾಗದು, ರಾತ್ರಿ ಹತ್ತರಿಂದ ಬೆಳಗ್ಗೆ ಏಳರವರೆಗೆ ನೋಟಿಫಿಕೇಶನ್ ಬಾರದು. 16 ತುಂಬದವರು ಇದನ್ನು ಸಡಿಲಿಸಲು ಪೋಷಕರ ಅನುಮತಿ ಬೇಕು. ಆದರೆ ಖಾತೆ ತೆರೆಯುವಾಗ ಹುಟ್ಟಿದ ಇಸವಿ ಸುಳ್ಳು ಕೊಟ್ಟಿದ್ದರೆ ಇದು ಯಾವುದೂ ಇರುವುದಿಲ್ಲ. ಮಕ್ಕಳು ಸಾಮಾನ್ಯವಾಗಿ ಕೊಟ್ಟಿರುತ್ತಾರೆ. ಮಗಳ ಪಕ್ಕ ಕೂತು, ಅವಳ ಕೈಯಿಂದಲೇ ತೆರೆಸಿ, ಹುಟ್ಟಿದ ದಿನಾಂಕ ನೋಡಿ ಸರಿಮಾಡಿಸಿ. ಕದ್ದು ನೋಡಬೇಡಿ.

ಮಗನ ವಿಷಯ ಸುಲಭ. ಹತ್ತು ವರ್ಷದವನಿಗೆ ಸೋಷಿಯಲ್ ಮೀಡಿಯಾ ಬೇಕೇ ಇಲ್ಲ. ಈ ಆ್ಯಪ್‌ಗಳ ನಿಯಮದಲ್ಲೇ ಕನಿಷ್ಠ ವಯಸ್ಸು 13. ಊಟದ ಹೊತ್ತಿಗೆ ಯಾರ ಫೋನೂ ಇಲ್ಲ, ಅಷ್ಟೆ. ಒಂದೆರಡು ಹೊತ್ತು ಅರ್ಧ ಊಟ ಮಾಡಿ ಎದ್ದರೆ ಏಳಲಿ. ಹಸಿವಾದಾಗ ತಾನೇ ಬರುತ್ತಾನೆ.

ಇನ್ನು ಯಾವಾಗ ವೈದ್ಯರ ಹತ್ತಿರ ಬರಬೇಕು? ಎರಡು ವಾರಕ್ಕೂ ಮೀರಿ ಮಂಕಾಗಿದ್ದರೆ, ಸ್ಕೂಲಿಗೆ ಹೋಗಲು ಒಪ್ಪದಿದ್ದರೆ, ಮೊದಲು ಇಷ್ಟಪಡುತ್ತಿದ್ದ ಯಾವುದೂ ಬೇಡವಾಗಿದ್ದರೆ, ಬೆಳ್ಳಗಾಗಲು ಯಾವುದೋ ಕ್ರೀಮು ಮಾತ್ರೆ ತರಿಸಿಕೊಳ್ಳುತ್ತಿದ್ದರೆ, ತೂಕ ಇಳಿಸಲು ಊಟ ತಪ್ಪಿಸುತ್ತಿದ್ದರೆ ಕರೆದುಕೊಂಡು ಬನ್ನಿ. ಹಾಸನದ ಹಿಮ್ಸ್ ವೈದ್ಯಕೀಯ ಕಾಲೇಜಿನ ಆಸ್ಪತ್ರೆಯಲ್ಲಿ ಮನೋವೈದ್ಯಕೀಯ ವಿಭಾಗ ಇದೆ. ರಾಜ್ಯ ಸರ್ಕಾರದ ಮನೋಚೈತನ್ಯ ಕಾರ್ಯಕ್ರಮದಲ್ಲಿ ಮಂಗಳವಾರದಂದು ಮನೋವೈದ್ಯರು ತಾಲೂಕು ಆಸ್ಪತ್ರೆಗಳಿಗೇ ಬರುತ್ತಾರೆ. ಸಕಲೇಶಪುರದ ಆಸ್ಪತ್ರೆಯಲ್ಲಿ ವಿಚಾರಿಸಿ. ಹದಿಹರೆಯದವರಿಗೆಂದೇ ಇರುವ ಸ್ನೇಹ ಕ್ಲಿನಿಕ್ ಬಗ್ಗೆಯೂ ಅಲ್ಲೇ ಕೇಳಿ. ಫೋನಿನ ಗೀಳು ಕೈಮೀರಿದ್ದರೆ ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ 2014ರಿಂದ ನಡೆಯುತ್ತಿರುವ ಶಟ್ ಕ್ಲಿನಿಕ್ ಇದಕ್ಕೆಂದೇ ಇದೆ. ಊರಿಂದ ಹೊರಡಲಾಗದ ಮಳೆಗಾಲದಲ್ಲಿ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಕರೆ ಮಾಡಿ. ಹಗಲು ರಾತ್ರಿ ಇರುತ್ತದೆ, ಉಚಿತ, ಕನ್ನಡದಲ್ಲೇ ಮಾತಾಡುತ್ತಾರೆ, ಮಗಳೇ ಮಾಡಬಹುದು, ನೀವೂ ಮಾಡಬಹುದು.

ಕೈಯಲ್ಲೋ ತೊಡೆಯಲ್ಲೋ ಕೊಯ್ದುಕೊಂಡ ಗುರುತು ಕಂಡರೆ, ಸೆಕೆಯಲ್ಲೂ ತುಂಬು ತೋಳಿನ ಬಟ್ಟೆಯನ್ನೇ ಹಾಕುತ್ತಿದ್ದರೆ, ‘ನಾನಿಲ್ಲದಿದ್ರೆ ನಿಮಗೆಲ್ಲ ನೆಮ್ಮದಿ’ ಎಂಬಂಥ ಮಾತು ಬಂದರೆ ಮಂಗಳವಾರದವರೆಗೆ ಕಾಯಬೇಡಿ. ‘ಸಾಯಬೇಕು ಅನ್ನಿಸ್ತಿದೆಯಾ?’ ಎಂದು ನೇರವಾಗಿ ಕೇಳಿ. ಕೇಳಿದ್ದರಿಂದ ಆ ಯೋಚನೆ ಹುಟ್ಟುವುದಿಲ್ಲ. ಹೌದು ಎಂದರೆ ಒಬ್ಬಳನ್ನೇ ಬಿಡಬೇಡಿ, ತೋಟಕ್ಕೆ ಹೊಡೆಯುವ ಔಷಧಿಯನ್ನು ಮನೆಯಿಂದ ಹೊರಗೆ ಬೀಗ ಹಾಕಿಡಿ, ಅದೇ ದಿನ ಹತ್ತಿರದ ಆಸ್ಪತ್ರೆಗೆ ಕರೆದುಕೊಂಡು ಹೋಗಿ.